ಹೂಳಿನ ಎತ್ತರ

ಪಡೀಲಿನ ನನ್ನ ಮನೆಯೆದುರು ಮಳೆನೀರು ಹರಿಯುವ ತೋಡಿನ ಹೂಳೆತ್ತುವ ಸರಕಾರಿ ಗುತ್ತಿಗೆ ಆ ವರ್ಷ ಅಣ್ಣನಿಗೆ ಸಿಕ್ಕಿತ್ತು. ಎತ್ತಿದ ಹೂಳನ್ನು ಕೂಡಲೇ ಲಾರಿಗೆ ತುಂಬಿಸುವುದಿಲ್ಲ, ಹಸಿ ಕೆಸರು ದಾರಿಯುದ್ದಕ್ಕೂ ಸೋರುತ್ತದೆ. ದಡದಲ್ಲಿ ರಾಶಿ ಹಾಕಿ, ನೀರು ಬಸಿದ ಮೇಲೆ ಇಂಜಿನಿಯರ್ ಬಂದು ಅಳೆದು, ಆಮೇಲೆ ಸಾಗಿಸುವುದು ಕ್ರಮ. ಅಣ್ಣ ರಾಶಿ ಹಾಕಿದ. ಇಂಜಿನಿಯರ್ ಬರಲಿಲ್ಲ. ಎದುರುಮನೆಯ ನಿವೃತ್ತ ಮಾಸ್ತರರು ನಾತಕ್ಕೆ ರೋಸಿ ಕಚೇರಿಗೆ ದೂರು ಕೊಟ್ಟರು. ರಾಶಿಯಿಂದ ಸಾರ್ವಜನಿಕರಿಗೆ ತೊಂದರೆ ಎಂಬ ಕಾರಣಕ್ಕೆ ಗುತ್ತಿಗೆ ಅರ್ಧದಲ್ಲೇ ರದ್ದಾಯಿತು. ಅದರ ಬೆನ್ನಿಗೇ ಮಳೆ ಹೊಡೆದು ರಾಶಿಯೆಲ್ಲ ಪುನಃ ತೋಡಿಗೇ ಇಳಿಯಿತು.

ರಾಶಿಯ ಅಳತೆಯ ಲೆಕ್ಕದಲ್ಲಿ ಮಾಡಿದ ಕೆಲಸದ ಹಣವಾದರೂ ಬರಬೇಕಿತ್ತು. ಅಗೆಯುವ ಯಂತ್ರವನ್ನು ಬಾಡಿಗೆಗೆ ಕೊಟ್ಟಿದ್ದ ದೇರೆಬೈಲಿನವನು, ಬಾಡಿಗೆ ಬಾರದಿದ್ದರೆ ಅಣ್ಣನ ಪಿಕಪ್ಪನ್ನೇ ಒಯ್ಯುತ್ತೇನೆಂದು ಹೇಳಿಯಾಗಿತ್ತು. ಪಿಕಪ್ ಹೋದರೆ ಅಣ್ಣನಿಗೆ ಬೇರೆ ದುಡಿಮೆಯಿಲ್ಲ. ಅವನು ಕಚೇರಿಗೆ ಅಲೆದು ಅಲೆದು, ಮಳೆ ಬಿಟ್ಟ ಮೇಲೆ ಒಂದು ಬೆಳಿಗ್ಗೆ ಇಂಜಿನಿಯರ್ ಸ್ಥಳ ನೋಡಲು ಬಂದರು.

ಮೋರಿಯ ಮೇಲೆ ನಿಂತು ಕೇಳಿದರು, "ಎಲ್ಲಿ ಉಂಟು ನಿಮ್ಮ ಹೂಳು?"

"ತೋಡಿನಲ್ಲಿ," ಎಂದ ಅಣ್ಣ.

"ತೋಡಿನಲ್ಲೇ ಇದ್ರೆ ನೀವು ತೆಗೆದದ್ದು ಎಂತ ಮಾರಾಯ್ರೆ?"

"ನೀವು ಅಳೀಲಿಕ್ಕೆ ಬರ್ತೀರಿ ಅಂತ ಕಾದು ಕಾದು ಅದಕ್ಕೇ ಬೇಜಾರಾಗಿ ಇಳಿದು ಹೋಯ್ತು ಸಾರ್."

ನಾನು ಸುಮ್ಮನಿರಬೇಕಿತ್ತೇನೋ. "ರಾಶಿ ಇರಲಿಲ್ಲ ಅಂತಾದ್ರೆ ಗುತ್ತಿಗೆ ರದ್ದು ಮಾಡಿದ್ದು ಯಾತಕ್ಕೆ?" ಎಂದು ಕೇಳಿದೆ.

"ಇರಲಿಲ್ಲ ಅಂತ ಯಾರು ಹೇಳಿದ್ರು ಮೇಡಂ? ಉದ್ದ, ಅಗಲ ದಡದಲ್ಲಿ ಉಳಿದ ಕೆಸರಿನ ಕಲೆಯಲ್ಲೇ ಗೊತ್ತಾಗ್ತದೆ. ಎತ್ತರ ಎಷ್ಟಿತ್ತು? ನಿಮ್ಮ ಗೇಟಿನೆದುರೇ ಅಲ್ವಾ, ಓದಿದವರು, ನೀವೇ ಹೇಳಿ. ಬರ್ಕೊಳ್ತೇನೆ."

ಎದೆಮಟ್ಟ ಎಂದು ಬಾಯಿಯವರೆಗೆ ಬಂದಿತ್ತು. ಆದರೆ ಅದು ನನ್ನ ಕಣ್ಣು ಕಂಡದ್ದೋ, ಅಣ್ಣ ನನ್ನ ಜಗಲಿಯಲ್ಲಿ ಕೂತು ಮತ್ತೆ ಮತ್ತೆ ಹೇಳಿದ್ದೋ? ಅವನು ಹೇಳಿದಷ್ಟು ಸಲವೂ ರಾಶಿ ಒಂದಿಷ್ಟು ಬೆಳೆದಿತ್ತು. ದಿನಚರಿಯಲ್ಲಿ ನಾತದ ಬಗ್ಗೆ ಬರೆದಿದ್ದೆ, ಎತ್ತರದ ಬಗ್ಗೆ ಇಲ್ಲ. ಪಕ್ಕದಲ್ಲಿ ಹಾಯುವಾಗ ಹೆಗಲಿಂದ ಸೊಂಟಕ್ಕಿಳಿದ ಚೀಲ ಕೆಸರಿಗೆ ತಾಗದಂತೆ ಎತ್ತಿ ಹಿಡಿಯುತ್ತಿದ್ದುದು ಮಾತ್ರ ಖಚಿತವಾಗಿ ನೆನಪಿತ್ತು.

"ಸೊಂಟದಷ್ಟಂತೂ ಇತ್ತು," ಎಂದೆ.

"ಸೊಂಟ," ಎಂದು ಇಂಜಿನಿಯರ್ ಖುಷಿಯಿಂದ ಬರೆದುಕೊಂಡರು. ಅಳತೆಯ ಹೊತ್ತಿಗೆ ಇತ್ತ ತಲೆಯೇ ಹಾಕದಿದ್ದ ಮನುಷ್ಯನಿಗೆ ಒಂದು ಚೂರೂ ಅನುಮಾನವಿರಲಿಲ್ಲ. ಅನುಮಾನವೆಲ್ಲ ನನ್ನದು, ಅದರ ಲಾಭ ಅವರದ್ದು.

ಅಣ್ಣ ನನ್ನತ್ತ ತಿರುಗಿ ತುಳುವಿನಲ್ಲಿ ಕೇಳಿದ. "ಯಾರ ಸೊಂಟ ಮಾರಾಯ್ತಿ? ತೊಟ್ಟಿಲ ಮಗುವಿನದ್ದಾ?"

ಗಲಾಟೆ ಕೇಳಿ ಮಾಸ್ತರರು ಹೊರಗೆ ಬಂದರು. ಅಣ್ಣನನ್ನು ಕಂಡದ್ದೇ ಕೆರಳಿದರು. "ಸೊಂಟವಾ? ಇವನು ಹಾಕಿದ್ದು ಆಳೆತ್ತರ! ನನಗೆ ರಸ್ತೆಯೇ ಕಾಣ್ತಿರಲಿಲ್ಲ. ಬರೀರಿ ಸಾರ್, ಇವನಿಗೆ ದಂಡ ಹಾಕ್ಲಿಕ್ಕುಂಟು!"

"ಬರೀರಿ ಸಾರ್," ಅಣ್ಣ ಕೈಮುಗಿದ. "ಮಾಸ್ತರರ ಮಾತು ನಂಬಿಯೇ ಅಲ್ವಾ ನನ್ನನ್ನು ಓಡಿಸಿದ್ದು? ಈಗಲೂ ನಂಬಿ."

ಮಾಸ್ತರರ ಮಾತು ಸುಳ್ಳೆಂದರೆ ಗುತ್ತಿಗೆ ರದ್ದು ಮಾಡಿದ್ದಕ್ಕೇ ಆಧಾರವಿಲ್ಲ. ಇಂಜಿನಿಯರ್ ಗೊಣಗಿ, ಚೌಕಾಶಿ ಮಾಡಿ, ಕೊನೆಗೆ ಎದೆಮಟ್ಟ ಎಂದು ಬರೆದರು. ಮಾಸ್ತರರಿಗೆ ತಾನು ಯಾರಿಗೆ ಉಪಕಾರ ಮಾಡಿದೆನೆಂದು ಆಮೇಲೆ ತಿಳಿದು, ಅಣ್ಣನನ್ನು ಬೈದಷ್ಟೇ ಜೋರಾಗಿ ನನ್ನನ್ನೂ ಬೈದರು.

ಬಾಕಿ ಬಂತು, ಪಿಕಪ್ ಉಳಿಯಿತು. ಅದನ್ನು ಹೇಳಲಿಕ್ಕೆಂದೇ ಅಣ್ಣ ಮನೆಗೆ ಬಂದ. ನಾನು ಹುಟ್ಟಿದಾಗಿನಿಂದ ನನ್ನೊಡನೆ ತುಳು ಮಾತಾಡಿದವನು ಅವತ್ತು ಕನ್ನಡದಲ್ಲಿ, ಕಚೇರಿಯವರೊಡನೆ ಮಾತಾಡುವ ಹಾಗೆ ಮಾತಾಡಿದ. ನಾನು ತಡೆಯಲಾರದೆ ಕೇಳಿಯೇಬಿಟ್ಟೆ, ನಿಜವಾಗಿ ಎಷ್ಟಿತ್ತು ಎಂದು.

"ದುಡ್ಡು ಬಂತಲ್ಲ. ಇನ್ನೆಂತಕ್ಕೆ ಅಳತೆ?" ಎಂದ. ಕಾಫಿ ಬಗ್ಗಿಸಲು ಹೋದಾಗ ಕೈ ಅಡ್ಡ ಹಿಡಿದ. "ಲೋಟದ ಸೊಂಟದವರೆಗೆ ಸಾಕು ಮೇಡಂ."

ಅಷ್ಟೇ ಹಾಕಿ ಕೊಟ್ಟೆ.