ಆಸ್ಲೌಗತ್ತೆ ಹಿಂದಕ್ಕೆ ತೆಗೆದುಕೊಂಡ ಹೆಸರು

ನಮ್ಮ ಕಣಿವೆಯಲ್ಲಿ ಹಾಡುವ ಮೊದಲು ಆ ಹಾಡನ್ನು ಯಾರಿಂದ ಕಲಿತದ್ದು ಎಂದು ಹೇಳಬೇಕು. ಹೇಳದೆ ಹಾಡಿದರೆ ಪಕ್ಕದ ಮನೆಯವನ ಟ್ರ್ಯಾಕ್ಟರನ್ನು ಕೇಳದೆ ಓಡಿಸಿಕೊಂಡು ಹೋದ ಹಾಗೆ. ಟ್ರ್ಯಾಕ್ಟರಾದರೂ ಸಂಜೆಗೆ ವಾಪಸು ಬರುತ್ತದೆ. ನಾನು ಹಾಲ್ವೊರ್. ಊರಿನ ಸಭಾಭವನದ ಬೀಗದ ಕೈ ಮೂವತ್ತೊಂದು ವರ್ಷದಿಂದ ನನ್ನ ಹತ್ತಿರವೇ ಇದೆ. ಕುರ್ಚಿ ಹಾಕುವುದು, ಕಾಫಿ ಕಾಯಿಸುವುದು, ಕುರ್ಚಿ ತೆಗೆಯುವುದು ನನ್ನ ಕೆಲಸ. ನನಗೆ ಹಾಡಲು ಬರುವುದಿಲ್ಲ. ಕೇಳಲು ಬರುತ್ತದೆ. ಅದೂ ಎಲ್ಲರಿಗೂ ಬರುವುದಿಲ್ಲ ಎಂದು ಅಷ್ಟು ವರ್ಷ ಕುರ್ಚಿ ಹಾಕಿದವನಿಗೆ ಗೊತ್ತಾಗಿಬಿಡುತ್ತದೆ.

ನಮ್ಮೂರಿನ ಹಾಡುಗಾರ್ತಿ ಯೋರುನ್ ಬಗ್ಗೆ ಪತ್ರಿಕೆಯವರು ಬಹಳ ಬರೆದಿದ್ದಾರೆ, ಜಾನಪದವನ್ನೂ ಜಾಝ್ ಸಂಗೀತವನ್ನೂ ಬೆಸೆದವಳು ಎಂದು. ಬೆಸೆಯುವುದು ವೆಲ್ಡಿಂಗ್‌ನವನ ಕೆಲಸ. ನಡೆದದ್ದೇನು ಎಂದು ಪಕ್ಕದ ಮನೆಯವನಾದ ನಾನು ಹೇಳುತ್ತೇನೆ.

ಹುಡುಗಿ ಹಾಡು ಕಲಿತದ್ದು ಸೋದರತ್ತೆ ಆಸ್ಲೌಗ್‌ಳ ಮೇಕೆ ಕೊಟ್ಟಿಗೆಯಲ್ಲಿ. ಆಸ್ಲೌಗ್ ಮದುವೆಯಾಗಲಿಲ್ಲ. ಮೂವತ್ತು ಮೇಕೆ ಸಾಕಿದಳು, ಹಾಲು ಕರೆಯುತ್ತ ಹಾಡಿದಳು. ಅವಳ ಕೆಲವು ಸ್ವರಗಳು ಪಿಯಾನೊದಲ್ಲಿ ಸಿಗುವುದಿಲ್ಲ, ಬಿಳಿ ಮನೆಗೂ ಕಪ್ಪು ಮನೆಗೂ ನಡುವಿನ ಸಂದಿಯಲ್ಲಿ ಇರುತ್ತವೆ. ನಮಗೆ ಅದೇ ಸರಿ. ಆದರೆ ಶಾಲೆಯ ಸಂಗೀತದ ಮೇಷ್ಟ್ರು ಪಟ್ಟಣದಿಂದ ಬಂದವರು. ಯೋರುನ್‌ಳನ್ನು ಹಿಂದಿನ ಸಾಲಿನಲ್ಲಿ ನಿಲ್ಲಿಸಿ, ಬರೀ ತುಟಿ ಆಡಿಸು ಎಂದರು. ಮರುದಿನವೇ ಆಸ್ಲೌಗ್ ಕೊಟ್ಟಿಗೆಯ ಬೂಟಿನಲ್ಲಿ ಶಾಲೆಗೆ ನುಗ್ಗಿದಳು.

"ಹುಡುಗಿ ಶ್ರುತಿ ತಪ್ತಾಳೆ," ಎಂದರು ಮೇಷ್ಟ್ರು.

"ಯಾವುದಕ್ಕೆ?"

"ಆರ್ಗನ್‌ಗೆ."

"ಈ ಆರ್ಗನ್ ಬಂದು ಎಷ್ಟು ವರ್ಷ ಆಯ್ತು?"

"ಹನ್ನೆರಡು."

"ಹಾಡಿಗೆ ಇನ್ನೂರು ಆಗಿದೆ ಮೇಷ್ಟ್ರೆ. ಚಿಕ್ಕೋರು ದೊಡ್ಡೋರಿಗೆ ಹೊಂದ್ಕೊಂಡು ಹೋಗ್ಬೇಕಪ್ಪ."

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಹೆಂಗಸು ಅವಳು. ಆದರೆ ಆ ಸಲ ಮೊಲಕ್ಕೆ ನಿಜಕ್ಕೂ ಮೂರೇ ಕಾಲಿತ್ತು ಎಂದು ನನ್ನ ಅಭಿಪ್ರಾಯ.

ದೊಡ್ಡವಳಾದ ಮೇಲೆ ಯೋರುನ್ ಓಸ್ಲೋಗೆ ಹೋದಳು. ಬೆಳಿಗ್ಗೆ ಬೇಕರಿಯಲ್ಲಿ ಬ್ರೆಡ್ ಮಾರುವುದು, ಮಧ್ಯಾಹ್ನ ಹಾಡುವುದು. ಅಲ್ಲಿ ಅವಳಿಗೆ ಸಿಕ್ಕವನು ಐವಿಂದ್, ಸ್ಯಾಕ್ಸೊಫೋನ್ ಊದುವವನು. ಆ ವಾದ್ಯ ಪಿಯಾನೊದ ಹಾಗಲ್ಲ, ತುಟಿ ಸಡಿಲ ಬಿಟ್ಟರೆ ಸ್ವರ ಜಾರುತ್ತದೆ. ಅತ್ತೆಯ ಸಂದಿ ಸ್ವರಗಳನ್ನು ಹುಡುಕಿ ಹಿಡಿಯಲು ಅವನಿಗೆ ಎರಡು ಚಳಿಗಾಲ ಬೇಕಾಯಿತಂತೆ. ಹಿಡಿದ ಮೇಲೆ ಇಬ್ಬರೂ ಮೊದಲು ಬಂದದ್ದು ನಮ್ಮ ಭವನಕ್ಕೇ. ಅರವತ್ತು ಕುರ್ಚಿ ಹಾಕಿದ್ದೆ, ಇಪ್ಪತ್ತೆರಡು ಜನ ಬಂದರು. ಎರಡನೇ ಹಾಡಿಗೇ ಅಂಗಡಿಯ ಓಸ್ಮುಂದ್ ಕಾರು ನೋಡಿಕೊಂಡು ಬರುತ್ತೇನೆ ಎಂದು ಎದ್ದ. ಐವತ್ತು ನಿಮಿಷ ಕಾರು ನೋಡಿದ. ಆಸ್ಲೌಗ್ ಮುಂದಿನ ಸಾಲಿನಲ್ಲಿ ಕಾಲುಚೀಲ ಹೆಣೆಯುತ್ತ ಕೂತಿದ್ದಳು. ಮುಗಿದ ಮೇಲೆ ಐವಿಂದ್ ಅವಳ ಹತ್ತಿರ ಬಂದು ಹೇಗಿತ್ತು ಎಂದು ಕೇಳಿಯೇಬಿಟ್ಟ. ಪಟ್ಟಣದವರು ಹಾಗೆಲ್ಲ ಕೇಳುತ್ತಾರೆ.

"ನನ್ನ ಹತ್ರ ಒಂದು ಮುದಿ ಮೇಕೆ ಇತ್ತು," ಎಂದಳು ಆಸ್ಲೌಗ್. "ಥೇಟ್ ಹೀಗೇ ಕೂಗೋದು."

ಐವಿಂದ್ ಪೆಚ್ಚಾದ.

"ಒಳ್ಳೇ ಮೇಕೆ ಕಣೋ. ಕೆಟ್ಟದಾಗೇನಿರ್ಲಿಲ್ಲ ಬಿಡು."

ನಮ್ಮ ಕಣಿವೆಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇಲ್ಲ. ಮದುವೆಯ ದಿನ ನನ್ನ ಹೆಂಡತಿ ನನ್ನ ಬಗ್ಗೆ ಹೇಳಿದ್ದೂ ಇಷ್ಟೇ.

ಅಲ್ಲಿಂದ ಮುಂದೆ ಹತ್ತು ವರ್ಷ ಅವರಿಬ್ಬರೂ ಊರೂರು ಸುತ್ತಿದರು. ಬರ್ಲಿನ್ ಆಯಿತು, ಜಪಾನ್ ಆಯಿತು. ಎಲ್ಲಿ ಹೋದರೂ ಯೋರುನ್ ಮೊದಲು ಹೇಳುತ್ತಿದ್ದದ್ದು ಒಂದೇ: ಇದು ನನ್ನ ಅತ್ತೆ ಆಸ್ಲೌಗ್‌ಳಿಂದ, ಅವಳಿಗೆ ಅವಳ ತಾಯಿ ಗುನ್ವೋರ್‌ಳಿಂದ. ಜಪಾನಿನಲ್ಲಿ ಹಾಡಿಗೆ ಮೊದಲು ಈ ಹೆಸರುಗಳಿಗೇ ಚಪ್ಪಾಳೆ ಬಿತ್ತಂತೆ. ಕೇಳಿದ ಆಸ್ಲೌಗ್, "ಅವರಿಗೇನು ಕೆಲಸ ಇಲ್ವಾ?" ಎಂದಳು. ಆ ವಾರ ಮಾತ್ರ ಸಿಕ್ಕಸಿಕ್ಕವರಿಗೆಲ್ಲ ಜಪಾನಿನ ಹವೆಯ ಬಗ್ಗೆ ಹೇಳಿಕೊಂಡು ತಿರುಗಿದಳು.

ಆಮೇಲೆ ಬಂತು ಆ ಹಾಳು ಧ್ವನಿಮುದ್ರಿಕೆ. ಮುದ್ರಿಸಿಕೊಂಡ ಕಂಪನಿಯ ಮನುಷ್ಯ ಯೋರುನ್‌ಗೆ ಹೇಳಿದ, ಮೂರು ಹಾಡುಗಳಲ್ಲಿ ಸ್ವರ ಸೊಟ್ಟಗಿದೆ, ಕಂಪ್ಯೂಟರಿನಲ್ಲಿ ನೆಟ್ಟಗೆ ಮಾಡಿಬಿಡೋಣ, ಇಲ್ಲದಿದ್ದರೆ ಹೊರದೇಶದವರ ಕಿವಿ ಎಡವುತ್ತದೆ ಎಂದು. ಐವಿಂದ್ ಬೇಡ ಎಂದ. ಯೋರುನ್ ತುಟಿ ಪಿಟಕ್ಕೆನ್ನಲಿಲ್ಲ. ನಮ್ಮವರಿಗೆ ಮುಖಕ್ಕೆ ಹೊಡೆದಂತೆ ಬೇಡ ಎನ್ನಲು ಬರುವುದಿಲ್ಲ, ಸುಮ್ಮನಿರುತ್ತೇವೆ, ಎದುರಿನವನು ತಿಳಿದುಕೊಳ್ಳುತ್ತಾನೆ. ಈತ ಕಣಿವೆಯವನಲ್ಲ, ನೆಟ್ಟಗೆ ಮಾಡಿಯೇಬಿಟ್ಟ.

ಮುದ್ರಿಕೆ ಹಿಡಿದುಕೊಂಡು ಯೋರುನ್ ಅತ್ತೆಯ ಅಡುಗೆಮನೆಗೆ ಬಂದ ದಿನ ನಾನೂ ಅಲ್ಲಿದ್ದೆ. ಮೇಜಿನ ಮೇಲೆ ಅಚ್ಚಿನಲ್ಲಿ ಸುಟ್ಟ ಬಿಸಿ ವಾಫಲ್, ಮೇಕೆ ಹಾಲಿನ ಕಂದು ಚೀಸು. ಹೊದಿಕೆಯ ಮೇಲೆ 'ಆಸ್ಲೌಗ್‌ಳಿಂದ' ಎಂದು ಅಚ್ಚಾಗಿತ್ತು. ಬೆಟ್ಟದ ಮೇಲಿನ ಮೇಕೆಹಟ್ಟಿಯ ಹಾಡು ಮೊದಲು ಬಂತು. ಆಸ್ಲೌಗ್ ಪೂರ್ತಿ ಕೇಳಿದಳು.

"ಯಾರ ಹಾಡಿದು?"

"ನಿಮ್ದೇ ಅತ್ತೆ."

"ನಂದಲ್ಲ. ನಾನು ಹೀಗೆ ಹಾಡಿದ್ರೆ ನಮ್ಮಮ್ಮ ಬಾಗ್ಲು ಹಾಕ್ಕೋತಿದ್ಲು. ನನ್ನ ಹೆಸರು ತೆಗಿ."

"ಅತ್ತೆ, ಅದು ಆ ಕಂಪ್ಯೂಟರಿನವನು..."

"ಇದ್ರಲ್ಲಿ ಅಂತಲ್ಲ. ಎಲ್ಲದರಲ್ಲೂ ತೆಗಿ. ಚೀಸು ಹಾಕ್ಕೋ."

ಕೂಗಾಡಿದ್ದರೆ ಎಷ್ಟೋ ವಾಸಿಯಿತ್ತು. ಚೀಸು ಹಾಕಿಕೋ ಎಂದಳಲ್ಲ, ನಾನು ತಟ್ಟೆ ಅರ್ಧಕ್ಕೇ ಬಿಟ್ಟು ಎದ್ದೆ.

ಹೆಸರಿಲ್ಲದೆ ಅತ್ತೆಯ ಹಾಡು ಹಾಡುವ ಹಾಗಿಲ್ಲ. ಅವು ಮೂವತ್ತಾರು ಇದ್ದವು, ಯೋರುನ್ ಒಬ್ಬಳನ್ನು ಬಿಟ್ಟರೆ ಇನ್ನು ಯಾರಿಗೂ ಬರುತ್ತಿರಲಿಲ್ಲ. ಎರಡು ವರ್ಷ ಅವಳು ಅವರಿವರ ಹಾಡು ಹಾಡಿಕೊಂಡು ತಿರುಗಿದಳು. ಸುಮ್ಮನೆ ಹಾಡಿಬಿಡು, ಯಾರು ಕೇಳುತ್ತಾರೆ ಎಂದ ಐವಿಂದ್. "ನಾನು ಕೇಳ್ಕೋತೀನಲ್ಲ," ಎಂದಳಂತೆ. ಬೇಸಿಗೆಯಲ್ಲಿ ಬಂದು ಅತ್ತೆಯ ಹುಲ್ಲು ಕೊಯ್ದು ಒಣಹಾಕುತ್ತಿದ್ದಳು. ಅತ್ತೆ ಕಾಫಿ ಕೊಡುತ್ತಿದ್ದಳು, ಮಳೆ ಮೋಡದ ಮಾತಾಡುತ್ತಿದ್ದಳು, ಹಾಡಿನ ಸುದ್ದಿಯೇ ಇಲ್ಲ. ಆಸ್ಲೌಗ್‌ಗೆ ಎಂಬತ್ತನಾಲ್ಕಾಗಿತ್ತು, ಎದೆನೋವು ಬೇರೆ ಶುರುವಾಗಿತ್ತು. ಈ ಮುದುಕಿ ಹೆಸರು ವಾಪಸು ಕೊಡದೆ ಹೋದರೆ ಮೂವತ್ತಾರು ಹಾಡೂ ಅವಳ ಜೊತೆ ಮಣ್ಣಿಗೆ. ನನಗೆ ಇಬ್ಬರ ಮೇಲೂ ಸಿಟ್ಟು ಬರುತ್ತಿತ್ತು. ಹೇಳಲಿಲ್ಲ, ನಾನೂ ಕಣಿವೆಯವನೇ.

ಮರುವರ್ಷ ಜೂನ್‌ನಲ್ಲಿ ನಮ್ಮ ಭವನದಲ್ಲಿ ಹಾಡಿನ ಸ್ಪರ್ಧೆ. ಯೋರುನ್ ಎಲ್ಲರಂತೆ ಹೆಸರು ಕೊಟ್ಟು ಸರದಿಯಲ್ಲಿ ಕೂತಳು. "ಜಪಾನ್‌ನಲ್ಲಿ ಬಹುಮಾನ ಸಾಲ್ದಾಯ್ತಾ?" ಎಂದು ಓಸ್ಮುಂದ್ ಚುಚ್ಚಿದ. ಸ್ಯಾಕ್ಸೊಫೋನ್ ಇಲ್ಲದೆ ಒಬ್ಬಳೇ ವೇದಿಕೆ ಹತ್ತಿದಳು.

"ಇದು ಯಾರಿಂದ ಅಂತ ಹೇಳೋ ಹಕ್ಕು ನಂಗಿಲ್ಲ," ಎಂದಳು. "ಕಂಪನಿಯವನು ನೆಟ್ಟಗೆ ಮಾಡ್ತೀನಿ ಅಂದಾಗ ನಾನು ಸುಮ್ನಿದ್ದೆ. ಮರ್ಯಾದೆಗೆ ಸುಮ್ನಿದ್ದೆ ಅಂತ ಎಲ್ರಿಗೂ ಹೇಳ್ಕೊಂಡು ಬಂದೆ. ಸುಳ್ಳು. ಇನ್ನೂ ನಾಕು ಜನ ಕೇಳ್ಲಿ ಅನ್ನೋ ಆಸೆ ಇತ್ತು."

ನಮ್ಮ ಭವನದಲ್ಲಿ ಯಾರೂ ತಮ್ಮ ಬಗ್ಗೆ ಒಟ್ಟಿಗೆ ಇಷ್ಟು ವಾಕ್ಯ ಆಡಿದ್ದಿಲ್ಲ. ಎಲ್ಲರೂ ಬೂಟು ನೋಡಿಕೊಂಡರು. ಅವಳು ಮೇಕೆಹಟ್ಟಿಯ ಹಾಡು ಹಾಡಿದಳು. ಸೊಟ್ಟ ಸ್ವರ ಬರುವ ಜಾಗ ಬಂತು, ಸ್ವರವೂ ಬಂತು. ಅತ್ತೆ ಇಡುವುದಕ್ಕಿಂತ ಕೂದಲೆಳೆಯಷ್ಟು ಕೆಳಗೆ ಬಂತು. ಅಷ್ಟು ವರ್ಷ ಸ್ಯಾಕ್ಸೊಫೋನ್ ಜೊತೆ ಓಡಾಡಿ ಅಲ್ಲಿಗೆ ಇಳಿದಿತ್ತು.

ನಿರ್ಣಾಯಕರು ಪೆನ್ಸಿಲ್ ಎತ್ತಿದರು. "ಯಾರಿಂದ ಅನ್ನೋ ಕಾಲಂ ಖಾಲಿ ಬಿಡೋಕಾಗಲ್ಲ," ಎಂದು ಅವರಲ್ಲೊಬ್ಬರು ಮುಂದಿನ ಸಾಲಿನಲ್ಲಿ ಕೂತಿದ್ದ ಆಸ್ಲೌಗ್ ಕಡೆ ತಿರುಗಿದರು. "ನಿಮ್ದೇ ತಾನೆ?"

"ನಂದಲ್ಲ."

ಯೋರುನ್ ಮುಖ ಬಿಳುಚಿಕೊಂಡಿತು. ಇಳಿದು ಬಂದು ಕಡೆಯ ಸಾಲಿನಲ್ಲಿ ಕೂತಳು. ಆ ಮುದುಕಿಯ ಮೇಲೆ ನನಗೆ ಎಷ್ಟು ಕೋಪ ಬಂತೆಂದರೆ ಕಾಫಿ ಕೆಟಲ್ ಕುಕ್ಕಿದೆ.

ಮುಂದಿನದು ಹಿರಿಯರ ವಿಭಾಗ. ಕೋಲೂರಿಕೊಂಡು ಆಸ್ಲೌಗ್ ವೇದಿಕೆ ಹತ್ತಿದಳು. ಪ್ರತಿವರ್ಷ ಅವಳು ಹೇಳುವುದು ಒಂದೇ, ನನ್ನಮ್ಮ ಗುನ್ವೋರ್‌ಳಿಂದ ಎಂದು. ಈ ಸಲ ಕಡೆಯ ಸಾಲಿನ ಕಡೆ ನೋಡಿದಳು.

"ಇದು ಯೋರುನ್‌ಳಿಂದ," ಎಂದಳು. "ಈಗ ತಾನೆ ಕಲ್ತಿದ್ದು. ತಪ್ಪಿದ್ರೆ ಹೊಟ್ಟೆಗೆ ಹಾಕ್ಕೊಳ್ಳಿ."

ಹಾಡಿದಳು. ಅದೇ ಮೇಕೆಹಟ್ಟಿಯ ಹಾಡು. ಎಂಬತ್ತೈದು ವರ್ಷದ ಗಂಟಲು ಆ ಸ್ವರಕ್ಕೆ ತಡಕಾಡಿತು, ತನ್ನ ಹಳೆಯ ಜಾಗ ಬಿಟ್ಟು ಕೂದಲೆಳೆಯಷ್ಟು ಕೆಳಗೆ ಇಳಿಯಲು ನೋಡಿತು, ಒಮ್ಮೆ ಇಳಿಯಿತು, ಇನ್ನೊಮ್ಮೆ ಆಗಲಿಲ್ಲ. ಕಡೆಯ ಸಾಲಿನಲ್ಲಿ ಯೋರುನ್ ಮುಖ ಮುಚ್ಚಿಕೊಂಡು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು. ನನಗೂ ಅಳು ಬಂತು, ಅದನ್ನು ಮುಚ್ಚಿಡುವುದೇನಿದೆ.

ನಿರ್ಣಾಯಕರು ಆಸ್ಲೌಗ್‌ಗೆ ಎರಡನೇ ಬಹುಮಾನ ಕೊಟ್ಟರು. 'ಚೆನ್ನಾಗಿದೆ, ಆದರೆ ಕಲಿಸಿದವಳಷ್ಟು ಖಚಿತವಾಗಿಲ್ಲ' ಎಂದು ಚೀಟಿಯಲ್ಲಿ ಬರೆದಿದ್ದರು. ಆಸ್ಲೌಗ್ ಕನ್ನಡಕ ಹಾಕಿಕೊಂಡು ಅದನ್ನು ಎರಡು ಸಲ ಓದಿದಳು. ಕಡೆಯ ಸಾಲಿಗೆ ನಡೆದು ಹೋಗಿ ಯೋರುನ್ ಕೈಗೆ ಕೊಟ್ಟಳು.

"ಸರಿಯಾಗೇ ಬರ್ದಿದಾರೆ," ಎಂದಳು.