ನನ್ನ ನಾದಿನಿಯ ಇಲ್ಲದ ಮೀಸೆ

ನನ್ನ ನಾದಿನಿ ಮೂವತ್ತು ವರ್ಷ ಸಿನಿಮಾದಲ್ಲಿದ್ದಳು. ನೀವು ಅವಳನ್ನು ನೋಡಿರುತ್ತೀರಿ, ಗುರುತು ಹಿಡಿದಿರುವುದಿಲ್ಲ. ಹನ್ನೊಂದು ಚಿತ್ರಗಳಲ್ಲಿ ನರ್ಸ್. ಬಾಗಿಲು ತೆರೆದು "ಡಾಕ್ಟ್ರು ಬಂದ್ರು" ಎನ್ನುವುದಷ್ಟೇ ಮಾತು. ಅದನ್ನೂ ಕೆಲವು ಸಲ ಕತ್ತರಿಸಿಬಿಡುತ್ತಿದ್ದರು. ಬೀದಿಯವರೆಲ್ಲ ಅವಳನ್ನು ನರ್ಸಮ್ಮ ಎಂದೇ ಕರೆಯುತ್ತಿದ್ದರು. ಒಬ್ಬಾಕೆ ಕೆಮ್ಮಿಗೆ ಔಷಧಿ ಕೇಳಿಕೊಂಡೂ ಬಂದಿದ್ದಳು. ಸ್ವರ ಗಡಸು, ದವಡೆ ಅಗಲ. "ದೇವರು ಗಂಡು ಮಾಡೋಕೆ ಹೊರಟು ಕೊನೇಲಿ ಮನಸ್ಸು ಬದಲಾಯಿಸಿದ, ಅತ್ತಿಗೆ" ಎಂದು ತನ್ನನ್ನು ತಾನೇ ಆಡಿಕೊಳ್ಳುತ್ತಿದ್ದಳು.

ಆ ದವಡೆಯೇ ಅವಳಿಗೆ ಕೆಲಸ ಕೊಡಿಸಿತು. ಸಿನಿಮಾ ಹುಟ್ಟಿದ ಕಾಲದ ಕಥೆಯನ್ನು ಯಾರೋ ಸಿನಿಮಾ ಮಾಡಲು ಹೊರಟಿದ್ದರು. ಆ ಕಾಲದಲ್ಲಿ ಕ್ಯಾಮೆರಾ ಮುಂದೆ ನಿಲ್ಲಲು ಹೆಂಗಸರು ಒಪ್ಪುತ್ತಿರಲಿಲ್ಲ. ಗಂಡಸರೇ ಲಂಗ ತೊಟ್ಟು ನಾಯಕಿಯಾಗುತ್ತಿದ್ದರು. ಅಂಥ ಒಬ್ಬನ ಪಾತ್ರಕ್ಕೆ ಗೊತ್ತುಮಾಡಿದ್ದ ನಟ, ಬೇರೆ ಚಿತ್ರಕ್ಕೆ ಮೀಸೆ ಬೇಕೆಂದು ಅದನ್ನು ಬೋಳಿಸಲು ಒಪ್ಪಲಿಲ್ಲ. ನಿರ್ದೇಶಕರ ಕಣ್ಣು ನರ್ಸಮ್ಮನ ಮೇಲೆ ಬಿತ್ತು. ಐವತ್ತರ ಹತ್ತಿರ ಬಂದಿದ್ದವಳಿಗೆ ಮೊದಲ ಬಾರಿಗೆ ಮುಖ ಪರದೆ ತುಂಬ ಕಾಣುವ ಪಾತ್ರ.

ಮೂರು ದಿನ ಅಭ್ಯಾಸ ಮಾಡಿಸಿದರು. ನಾಲ್ಕನೆಯ ದಿನ ಮಧ್ಯಾಹ್ನ ಮುಖ ಸಪ್ಪಗೆ ಮಾಡಿಕೊಂಡು ಬಂದಳು.

"ಏನಾಯ್ತೇ?"

"ನಾನು ಹೆಣ್ಣಿನ ಥರ ಕಾಣ್ತೀನಂತೆ, ಅತ್ತಿಗೆ!"

"ಅಯ್ಯೋ, ಇಷ್ಟು ವರ್ಷಕ್ಕೆ ಒಬ್ಬರಾದ್ರೂ ಅಂದ್ರಲ್ಲ!"

"ನಗಬೇಡ. ಹೆಣ್ಣಾಗೋಕೆ ಒದ್ದಾಡೋ ಗಂಡು ಕಾಣ್ಬೇಕಂತೆ. ನಾಳೆ ಬೆಳಿಗ್ಗೆಯೊಳಗೆ ಅದು ಬರದಿದ್ರೆ ಬೇರೆಯವರನ್ನ ಹಾಕ್ಕೋತಾರಂತೆ."

ನಮ್ಮನೆಯವರು, ಅಂದರೆ ಅವಳ ಅಣ್ಣ, ಮದುವೆಯಾದ ಹೊಸದರಲ್ಲಿ ನಾಟಕದ ಕಂಪನಿಯಲ್ಲಿ ಹೆಣ್ಣುಪಾತ್ರ ಮಾಡುತ್ತಿದ್ದರು. ಆಗ ಇವಳಿನ್ನೂ ತೊಟ್ಟಿಲ ಕೂಸು. ಇವಳು ಕಂಡದ್ದು ಆಮೇಲಿನ ಅಣ್ಣನನ್ನು, ಗಿರಣಿಯ ಕೆಲಸದ ಪೊದೆಮೀಸೆಯ ಅಣ್ಣನನ್ನು. ನಾನು ಕಂಡದ್ದು ಬೇರೆ. ಪಾತ್ರಕ್ಕೆಂದು ಮೀಸೆ ತೆಗೆದ ವಾರವೆಲ್ಲ ಅವರ ಕೈ ರೂಢಿಯಂತೆ ಮೇಲ್ದುಟಿಗೆ ಹೋಗುತ್ತಿತ್ತು. ಅಲ್ಲಿ ಏನೂ ಇಲ್ಲವೆಂದು ನೆನಪಾಗುತ್ತಲೇ ಬೆರಳು ಮೆಲ್ಲಗೆ ಕೆನ್ನೆಗೆ ಜಾರುತ್ತಿತ್ತು. ಒಂದು ದಿನ ರಂಗದ ಮೇಲೂ ಹಾಗೇ ಆಯಿತು. ಆಹಾ, ಎಂಥ ನಾಚಿಕೆ ಎಂದು ಜನ ಚಪ್ಪಾಳೆ ಹೊಡೆದರು. ನಾನೊಬ್ಬಳೇ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದೆ.

ಒಲೆಯ ಮುಂದೆ ನಿಂತು ಅದನ್ನು ತೋರಿಸಿದೆ. ಅವಳು ಮಾಡಿದಳು.

"ಅಷ್ಟು ಚೆನ್ನಾಗಿ ಮಾಡ್ಬೇಡ ಕಣೇ. ಮೀಸೆ ಕಳ್ಕೊಂಡ ದುಃಖ ಸ್ವಲ್ಪ ಇರ್ಲಿ."

ಸಂಜೆಯವರೆಗೂ ಮಾಡಿದಳು, ಪಾತ್ರೆ ತೊಳೆಯುತ್ತಲೂ ಮಾಡಿದಳು. ಮೂತಿಗೆಲ್ಲ ಸೋಪಿನ ನೊರೆ.

ಮರುದಿನ ಶೂಟಿಂಗ್ ಮುಗಿಸಿ ಬಣ್ಣವನ್ನೂ ತೆಗೆಯದೆ ಓಡಿ ಬಂದಳು.

"ಉಳೀತು ಅತ್ತಿಗೆ! ಒಂದೇ ಸಲಕ್ಕೆ ಓಕೆ ಆಯ್ತು!"

ಕಣ್ಣಿಗೆ ಕಾಡಿಗೆ, ಕೆನ್ನೆಗೆ ಕೆಂಪು. ಬಾಗಿಲಲ್ಲಿ ನಿಂತದ್ದು ನಮ್ಮನೆಯವರ ಮುಖವೇ. ಅವರು ಹೋಗಿ ಒಂಬತ್ತು ವರ್ಷವಾಗಿತ್ತು. ಆ ವೇಷದಲ್ಲಿ ಅವರದೊಂದು ಫೋಟೋವೂ ನಮ್ಮಲ್ಲಿರಲಿಲ್ಲ.

ಮುಖ ತೊಳೆಯಲು ಹೊರಟವಳ ಕೈ ಹಿಡಿದು ಕೂರಿಸಿದೆ.

"ಏನತ್ತಿಗೆ?"

"ಏನಿಲ್ಲ. ಮೊದಲು ಊಟ ಮಾಡು. ನಿಧಾನವಾಗಿ ಮಾಡು."