ಕಸಾಯಿ ಸೇತುವೆಯ ಏರು

ಒಂದು ದಿನದ ಸೈಕಲ್ ರೇಸೇ ನಿಜವಾದ ರೇಸು ಎಂದು ದ್ವಾರಕಾನಾಥರು ಹೇಳುತ್ತಿದ್ದರು. ಮೂರು ವಾರ ನಡೆಯುವ ರೇಸುಗಳೆಲ್ಲ ಉದ್ರಿ ವ್ಯಾಪಾರ. ಇವತ್ತು ಸೋತದ್ದನ್ನು ನಾಡಿದ್ದು ತೀರಿಸುತ್ತೇನೆ ಎಂದು ನಗುತ್ತಾ ಮಲಗಬಹುದು. ಬೆಲ್ಜಿಯಮ್ಮಿನ ಕಲ್ಲುಹಾದಿಯ ರೇಸು ಹಾಗಲ್ಲ. ಬೆಳಿಗ್ಗೆ ಬಾಗಿಲು ತೆಗೆದು ಸಂಜೆ ಬಾಗಿಲು ಹಾಕುವುದು, ಗಲ್ಲಾಪೆಟ್ಟಿಗೆಯಲ್ಲಿ ಏನಿದೆಯೋ ಅಷ್ಟೇ. ಮಾರನೆಯ ದಿನ ಎಂಬುದೇ ಇಲ್ಲ.

ಈ ಮಾತನ್ನು ಕೇಳಿಸಿಕೊಳ್ಳುವ ಗಿರಾಕಿಗಳು ಜಪಾನೀ ಬಡಾವಣೆ ನಿಶಿ ಕಸಾಯಿಯಲ್ಲಿ ಅಷ್ಟಿರಲಿಲ್ಲ. ಸ್ಟೇಷನ್ನಿನ ಹಿಂದಿನ ಗಲ್ಲಿಯ ಅವರ ದಿನಸಿ ಅಂಗಡಿಗೆ ಜನ ಬರುತ್ತಿದ್ದುದು ತೊಗರಿಬೇಳೆಗೆ, ಹುಣಸೆಹಣ್ಣಿಗೆ, ಬ್ಯಾಡಗಿ ಮೆಣಸಿನಕಾಯಿಗೆ. ಕೊರೋನಾ ಬಂದ ಮೇಲೆ ಅವರೂ ಕಡಿಮೆಯಾದರು. ಸಾಫ್ಟ್‌ವೇರ್ ಹುಡುಗರು ಮನೆಯಿಂದಲೇ ಕೆಲಸ ಮಾಡುತ್ತಿದ್ದರು. ಕೆಲವರು ಊರಿಗೆ ಹೋದವರು ಗಡಿ ಮುಚ್ಚಿದ್ದರಿಂದ ಅಲ್ಲೇ ಉಳಿದರು. ಗಲ್ಲಾದ ಹಿಂದಿನ ಸ್ಟೂಲಿನ ಮೇಲೆ ಮಾಸ್ಕ್ ಹಾಕಿಕೊಂಡು ಕೂತ ದ್ವಾರಕಾನಾಥರು ಬೀದಿ ನೋಡುತ್ತಿದ್ದರು; ಬೀದಿ ಅವರನ್ನು ನೋಡುತ್ತಿತ್ತು. ಇಬ್ಬರಿಗೂ ವ್ಯಾಪಾರವಿರಲಿಲ್ಲ.

ರೇಸಿನ ಹುಚ್ಚು ಹಳೆಯದು. ಮದುವೆಗೆ ಮುಂಚೆ ಅವರು ಕೋಬೆಯಲ್ಲಿ ಒಬ್ಬ ಮುತ್ತಿನ ವ್ಯಾಪಾರಿಯ ಬಳಿ ಗುಮಾಸ್ತರಾಗಿದ್ದರು. ಯಜಮಾನರು ಒಮ್ಮೆ ಮಾದರಿ ಮುತ್ತುಗಳನ್ನು ಕೊಟ್ಟು ಬೆಲ್ಜಿಯಮ್ಮಿನ ಆಂಟ್‌ವರ್ಪಿಗೆ ಕಳಿಸಿದರು. ಹೋದದ್ದು ಏಪ್ರಿಲ್ ತಿಂಗಳು, ಭಾನುವಾರ. ಎಲ್ಲ ಅಂಗಡಿಯೂ ಬಂದ್. ಇಳಿದುಕೊಂಡಿದ್ದ ಮನೆಯಾತ, ಒಬ್ಬನೇ ಕೂತು ಏನು ಮಾಡುತ್ತೀಯ, ಬಾ ಎಂದು ಕಾರಿನಲ್ಲಿ ಕೂರಿಸಿಕೊಂಡು ಹೊಲಗಳ ನಡುವಿನ ಒಂದು ದಿಬ್ಬಕ್ಕೆ ಕರೆದೊಯ್ದ. ಅಲ್ಲಿ ಸಾವಿರಾರು ಜನ ಜಿಟಿಜಿಟಿ ಮಳೆಯಲ್ಲಿ ಹುರಿದ ಆಲೂಗಡ್ಡೆ ತಿನ್ನುತ್ತಾ ನಿಂತಿದ್ದರು. ದ್ವಾರಕಾನಾಥರೂ ನಿಂತರು. ಮಧ್ಯಾಹ್ನ ಕಳೆಯಿತು. ಗಿರಾಕಿಯನ್ನು ಅರ್ಧ ದಿನ ಮಳೆಯಲ್ಲಿ ನಿಲ್ಲಿಸಿ ಸಾಮಾನು ತೋರಿಸದ ಈ ವ್ಯಾಪಾರ ಇನ್ನೆಷ್ಟು ದಿನ ಬಾಳೀತು ಎಂದು ಮನಸ್ಸಿನಲ್ಲೇ ಲೆಕ್ಕ ಹಾಕುತ್ತಿದ್ದಾಗ ಮೋಟಾರ್‌ಸೈಕಲ್ಲುಗಳು ಬಂದವು, ಅವುಗಳ ಹಿಂದೆ ಸವಾರರು ಬಂದರು.

ಬೀಸುವ ಕಲ್ಲಿನ ಗುರುಗುರು ಸದ್ದು. ಕೆಸರು ಮೆತ್ತಿ ಒಬ್ಬನದು ಇನ್ನೊಬ್ಬನದರಂತಾದ ಮುಖಗಳು. ಕೈ ಚಾಚಿದರೆ ಸಿಗುವಷ್ಟು ಹತ್ತಿರ, ಬಿಸಿ ಉಸಿರು ಕೆನ್ನೆಗೆ ತಾಕುವಷ್ಟು. ಅರ್ಧ ನಿಮಿಷ ಇದ್ದೀತು, ಅಷ್ಟರಲ್ಲಿ ದಿಬ್ಬ ಖಾಲಿ. ಕೊನೆಗೆ ಒಬ್ಬ ಹುಡುಗ ಒಂಟಿಯಾಗಿ ಬಂದ. ಕಡಿದಾದ ಜಾಗದಲ್ಲಿ ಚಕ್ರ ಜಾರಿ ಕಾಲು ನೆಲಕ್ಕೆ ಕೊಟ್ಟ. ಒಮ್ಮೆ ಕಾಲು ಕೊಟ್ಟರೆ ಆ ಏರಿನಲ್ಲಿ ಮತ್ತೆ ಹತ್ತುವಂತಿಲ್ಲ, ತಳ್ಳಿಕೊಂಡೇ ಹೋಗಬೇಕು. ಆ ಹುಡುಗ ತನ್ನ ಕಾಲನ್ನೇ, ಯಾರದೋ ಕಾಲು ಎಂಬಂತೆ ನೋಡುತ್ತಾ ನಿಂತಿದ್ದ.

ದ್ವಾರಕಾನಾಥರು ಮುತ್ತು ಮಾರಿ ಕೋಬೆಗೆ ಮರಳಿದರು. ಬೆಲೆ ಚೆನ್ನಾಗಿಯೇ ಸಿಕ್ಕಿತ್ತು. ಆದರೆ ಯಜಮಾನರು ಪ್ರಯಾಣ ಹೇಗಿತ್ತು ಎಂದು ಕೇಳಿದಾಗ ಅವರ ಬಾಯಿಂದ ಬಂದದ್ದು ದಿಬ್ಬದ ಮಾತು.

ಎರಡು ಸಾವಿರದ ಇಪ್ಪತ್ತರ ವಸಂತದಲ್ಲಿ ಆ ರೇಸು ನಡೆಯಲಿಲ್ಲ. ಅಕ್ಟೋಬರಿಗೆ ಮುಂದೆ ಹೋಯಿತು. ಅಂಗಡಿಯ ಮನೆಬಾಗಿಲ ಡೆಲಿವರಿ ಶುರುವಾದದ್ದೂ ಆ ವಸಂತದಲ್ಲೇ. ಕೋಟೋ ವಾರ್ಡಿನ ತೊಯೊಸು ಕಡೆಯ ಎತ್ತರದ ಕಟ್ಟಡಗಳಲ್ಲಿರುವ ನಮ್ಮವರು ರೈಲು ಹತ್ತಲು ಹೆದರಿ ಫೋನಿನಲ್ಲೇ ಸಾಮಾನು ಹೇಳತೊಡಗಿದರು. ಪಾರ್ಸೆಲ್ ಕಂಪನಿಗೆ ಕೊಡೋಣ ಎಂದಳು ಹೆಂಡತಿ ಭಾನುಮತಿ. ನಾನೇ ಹೋಗುತ್ತೇನೆ ಎಂದರು ದ್ವಾರಕಾನಾಥರು. ಅವರ ಬಳಿ ಇದ್ದದ್ದು ಮಾಮಾಚಾರಿ, ಅಂದರೆ ಈ ಊರಿನ ಅಮ್ಮಂದಿರು ಮಕ್ಕಳನ್ನು ಕೂರಿಸಿಕೊಂಡು ಓಡಿಸುವ, ಮುಂದೆ ಬುಟ್ಟಿ, ಹಿಂದೆ ಕ್ಯಾರಿಯರ್ ಇರುವ ಭಾರದ ಸೈಕಲ್ಲು. ತೊಯೊಸುವಿಗೆ ಹೋಗಲು ಅರಾಕಾವಾ ನದಿ ದಾಟಬೇಕು, ದಾಟಲು ಕಸಾಯಿ ಸೇತುವೆ ಹತ್ತಬೇಕು. ಸೇತುವೆಯ ಏರು ದೂರದಿಂದ ಏನೂ ಅನ್ನಿಸುವುದಿಲ್ಲ. ಅಕ್ಕಿ ಮೂಟೆ ಕಟ್ಟಿಕೊಂಡವನಿಗೆ ಮಾತ್ರ ಅದು ಕಾಣುತ್ತದೆ.

ಬೇಸಿಗೆಯಲ್ಲಿ ಅವರ ಬಲಮಂಡಿ ಊದಿತು. ಭಾನುಮತಿ ಐಸ್ ಕಟ್ಟಿ, ಎದುರಿಗೆ ಕೂತು, ಷರತ್ತು ಹಾಕಿದಳು.

"ನೋಡ್ರೀ, ಬೇಡ ಅಂದ್ರೆ ನೀವು ಕೇಳಲ್ಲ. ಹೋಗಿ. ಆದ್ರೆ ಆ ಬ್ರಿಡ್ಜ್ ಮೇಲೆ ಯಾವತ್ತು ಕಾಲು ಕೆಳಗಿಡ್ತೀರೋ, ಅವತ್ತಿಂದ ಪಾರ್ಸೆಲ್ ಕಂಪನಿ. ಸರೀನಾ?"

"ಕಾಲಿಟ್ರೆ ತಾನೆ?"

"ಇಟ್ರೆ ನಂಗೆ ಹೇಳ್ಬೇಕು."

"ಹೇಳ್ತೀನಿ ಮಾರಾಯ್ತಿ."

ಕೈಗೆ ಕೈ ತಟ್ಟಿ ಮಾತಾಯಿತು. ಗಿರಾಕಿಗೆ ಹೇಳುವ ಸುಳ್ಳು ಬೇರೆ, ಹೆಂಡತಿಗೆ ಹೇಳುವ ಸುಳ್ಳು ಬೇರೆ. ಎರಡನೆಯದಕ್ಕೆ ಜೀವನಪೂರ್ತಿ ಗ್ಯಾರಂಟಿ ಕೊಡಬೇಕಾಗುತ್ತದೆ ಎಂಬುದು ಅವರಿಗೆ ಗೊತ್ತಿತ್ತು. ಹಾಗಾಗಿ ಬುಧವಾರ ಬುಧವಾರ ಅವರು ನಿಜವಾಗಿಯೂ ಕಾಲಿಡದೆಯೇ ಸೇತುವೆ ದಾಟುತ್ತಿದ್ದರು. ಅದು ಡೆಲಿವರಿ ಎಂದು ಲೋಕ ತಿಳಿದಿತ್ತು. ದಂಡೆಯ ಮೇಲೆ ಬಿಳಿ ತೆನೆ ಬಿಟ್ಟ ಹುಲ್ಲು ಬಾಗಿ ಏಳುವುದು, ಕೆಳಗೆ ನದಿ ಹಿಂದಕ್ಕೋ ಮುಂದಕ್ಕೋ ಹೋಗುತ್ತಿದೆ ಎಂದು ತಿಳಿಯದಂತೆ ಹೊಳೆಯುವುದು. ವಾರವೆಲ್ಲ ಸ್ಟೂಲಿನ ಮೇಲೆ ಕೂತ ಮನುಷ್ಯನಿಗೆ ಉಳಿದಿದ್ದ ಬಯಲು ಅದೊಂದೇ. ಅದು ಹೋದರೆ ಮತ್ತೆ ಸ್ಟೂಲು, ಮತ್ತೆ ಬೀದಿ.

ಅಕ್ಟೋಬರ್ ಬಂತು. ಭಾನುವಾರ ಬೆಲ್ಜಿಯಮ್ಮಿನಲ್ಲಿ ರೇಸು ನಡೆಯಿತು. ದ್ವಾರಕಾನಾಥರು ಸೋಮವಾರ ಬೆಳಿಗ್ಗೆ ಅಂಗಡಿಯಲ್ಲಿ ಫೋನನ್ನು ಸಾಸಿವೆ ಡಬ್ಬಿಗೆ ಒರಗಿಸಿಟ್ಟು ನೋಡಿದರು. ದಿಬ್ಬಗಳ ಮೇಲೆ ಈ ಸಲ ಜನರಿರಲಿಲ್ಲ. ಬರಬೇಡಿ ಎಂದು ಸರ್ಕಾರ ಹೇಳಿತ್ತು, ಬಂದಿರಲಿಲ್ಲ. ಹಳದಿಯಾಗುತ್ತಿದ್ದ ಮರಗಳ ನಡುವೆ ಒದ್ದೆ ಕಲ್ಲುಗಳು, ಅವುಗಳ ಮೇಲೆ ಸವಾರರು. ಯಾರಿಗೂ ಅಲ್ಲದೆ ನಡೆಯುವ ರೇಸು, ನಿದ್ದೆಯಲ್ಲಿ ಕಂಡಂತೆ.

ಮ್ಯಾಗಿ ಪ್ಯಾಕೆಟ್ಟಿಗೆ ಬಂದ ಗುರುರಾಜ ಇಣುಕಿದ. ಅವನು ಬೆಂಗಳೂರಿನ ಸಾಫ್ಟ್‌ವೇರ್ ಹುಡುಗ, ಪಕ್ಕದ ಕಟ್ಟಡದವನು.

"ಏನ್ ಅಂಕಲ್, ಐಪಿಎಲ್ ಬಿಟ್ಟು ಸೈಕಲ್ ನೋಡ್ತಿದೀರಾ? ಯಾರು ಗೆಲ್ಲೋದು?"

"ಹೇಳ್ಬೇಡ! ಗೊತ್ತಿದ್ರೂ ಹೇಳ್ಬೇಡ!"

"ಅಯ್ಯೋ, ನಂಗೆ ಹೇಗೆ ಗೊತ್ತಿರತ್ತೆ? ಇದನ್ನ ನೋಡೋರು ಇಡೀ ಎದೊಗಾವಾ ವಾರ್ಡಲ್ಲಿ ನೀವೊಬ್ರೇ."

"ಅದಕ್ಕೇ ಕಾಂಪಿಟೇಷನ್ ಇಲ್ಲ. ಮ್ಯಾಗಿ ಎಷ್ಟು ಬೇಕಪ್ಪ?"

ಆ ವಾರ ನವರಾತ್ರಿ. ತೊಯೊಸುವಿನಿಂದ ಆರ್ಡರು ಹೆಚ್ಚಾಗಿ ಬಂತು: ಉಸಲಿಗೆ ಕಡಲೆಕಾಳು, ಅವಲಕ್ಕಿ, ಬೆಲ್ಲ, ಎಲ್ಲಕ್ಕಿಂತ ಮೇಲೆ ಅಕ್ಕಿ. ನಮ್ರತಾ ಎಂಬ ಹುಡುಗಿ ಬಾಲ್ಕನಿಯಲ್ಲೇ ಪುಟ್ಟ ಗೊಂಬೆ ಕೂರಿಸಿದ್ದಳಂತೆ. ಅವಳೊಬ್ಬಳದೇ ಎರಡು ಚೀಲ. ಒಂದು ಸೈಕಲ್ಲಿಗೆ ಆಗುವ ಭಾರವಲ್ಲ. ಬುಧವಾರ ಬೆಳಿಗ್ಗೆ ಭಾನುಮತಿ ಅಂಗಡಿಗೆ 'ಮಧ್ಯಾಹ್ನ ತೆರೆಯುತ್ತದೆ' ಎಂಬ ಬೋರ್ಡು ತಗುಲಿಸಿ ತನ್ನ ಸೈಕಲ್ಲು ಹೊರತೆಗೆದಳು.

"ನೀನ್ಯಾಕೆ?" ಎಂದರು ದ್ವಾರಕಾನಾಥರು.

"ಬೆಲ್ಲ, ಅವಲಕ್ಕಿ ನಾನು ತರ್ತೀನಿ. ಅಕ್ಕಿ ನಿಮ್ದು. ಯಾಕೆ, ನಾನು ಬಂದ್ರೆ ಬ್ರಿಡ್ಜ್ ಎತ್ತರ ಆಗತ್ತಾ?"

ಆಗುತ್ತದೆ ಎಂದು ಅವರು ಹೇಳಲಿಲ್ಲ.

ಆಕಾಶ ತೊಳೆದಿಟ್ಟಂತಿತ್ತು. ಬಲಗಡೆಯಿಂದ ಗಾಳಿ. ಸೇತುವೆಯ ಕಾಲುದಾರಿಗೆ ಚಕ್ರ ಏರಿದ ಕೂಡಲೇ ದ್ವಾರಕಾನಾಥರು ಗೇರು ಇಳಿಸಿ, ಭುಜ ಸಡಿಲಬಿಟ್ಟು, ಮುಂದಿನ ಎರಡು ಮಾರು ನೆಲವನ್ನು ಮಾತ್ರ ನೋಡತೊಡಗಿದರು. ಅದು ಅವರ ಕ್ರಮ. ಹಾಗೆ ನೋಡುತ್ತಾ ಹೋದರೆ ಸಿಮೆಂಟು ಮೆಲ್ಲಗೆ ಕಲ್ಲಾಗುತ್ತಿತ್ತು. ಪಕ್ಕದಲ್ಲಿ ಓಡುವ ಲಾರಿಗಳ ಸದ್ದು ದೂರ ಸರಿದು ಬೀಸುವ ಕಲ್ಲಿನ ಸದ್ದಾಗುತ್ತಿತ್ತು. ಅತ್ತಕಡೆ ಇನ್ನೊಂದು ಸೇತುವೆಯ ಮೇಲೆ ಖಾಲಿ ರೈಲೊಂದು ಕನಸಿನ ಅಂಚಿನಲ್ಲಿ ಹಾದುಹೋಯಿತು. ಮಂಡಿ ನೋಯುತ್ತಿತ್ತು, ಆದರೆ ಅದು ಯಾರದೋ ಮಂಡಿ. ಬೇಲಿಯಾಚೆ ಹಸು ಮೇಯುತ್ತಿದ್ದವು. ಅರಾಕಾವಾ ನದಿಯ ಮೇಲೆ ಹಸು ಹೇಗೆ ಮೇಯುತ್ತವೆ ಎಂದು ಕೇಳಲು ಆ ಹೊತ್ತಿನಲ್ಲಿ ಯಾರೂ ಇರಲಿಲ್ಲ.

"ರೀ, ಮುಂದೆ ನೋಡಿ," ಹಿಂದಿನಿಂದ ಭಾನುಮತಿ.

ಮುಂದೆ ಒಬ್ಬ ಮುದುಕರು. ತಲೆಗೆ ಉಣ್ಣೆ ಟೋಪಿ, ಕೈಯಲ್ಲಿ ಚಕ್ರದ ಕೈಗಾಡಿ. ಅದರೊಳಗಿನಿಂದ ಮೂಲಂಗಿಯ ಸೊಪ್ಪು ಇಣುಕುತ್ತಿತ್ತು. ಕಾಲುದಾರಿಯ ನಡುಮಧ್ಯದಲ್ಲಿ, ಸೇತುವೆ ತಮ್ಮ ಅಜ್ಜ ಕಟ್ಟಿಸಿದ್ದು ಎಂಬಷ್ಟು ನಿಧಾನವಾಗಿ ಅವರು ಏರುತ್ತಿದ್ದರು.

ನಮ್ಮೂರಾಗಿದ್ದರೆ ಟ್ರಿಂಗ್ ಎನ್ನಿಸಿದರೆ ಮುಗಿಯಿತು. ಈ ಊರಿನಲ್ಲಿ ನಡೆಯುವವರ ಬೆನ್ನಿಗೆ ಗಂಟೆ ಹೊಡೆಯುವಂತಿಲ್ಲ. ಅದು ಪೋಲೀಸರಿಗೂ ಆಗದು, ಮರ್ಯಾದೆಗೂ ಆಗದು. ಬೆಲ್ ಇರುವುದು ಸೈಕಲ್ಲಿನ ಶೋಭೆಗೆ. ದ್ವಾರಕಾನಾಥರು ವೇಗ ತಗ್ಗಿಸಿದರು. ಇನ್ನೂ ತಗ್ಗಿಸಿದರು. ಅಕ್ಕಿ ಮೂಟೆ ಎಡಕ್ಕೆ ಎಳೆಯಿತು, ಹ್ಯಾಂಡಲ್ ಬಲಕ್ಕೆ ಓಡಿತು. ಮುದುಕರ ಒಂದು ಹೆಜ್ಜೆಗೆ ಪೆಡಲಿನ ಕಾಲು ಸುತ್ತು. ನಿಂತೂ ನಿಲ್ಲದೆ, ಹೋಗಿಯೂ ಹೋಗದೆ, ತೇಲುತ್ತಿರುವಂತೆ ಅವರು ಆ ಟೋಪಿಯ ಹಿಂದೆ ಹಿಂದೆ ಹೋದರು. ಬೆವರು ಕಣ್ಣಿಗಿಳಿಯಿತು.

"ಬೀಳ್ತೀರ," ಎಂದಳು ಭಾನುಮತಿ ಮೆಲ್ಲಗೆ.

"ಮಾತಾಡಿಸ್ಬೇಡ."

ಸೇತುವೆಯ ನೆತ್ತಿ ಇನ್ನು ಸ್ವಲ್ಪವೇ ಇತ್ತು. ಆಗ ಮುದುಕರಿಗೆ ಹಿಂದೆ ಯಾರದೋ ಏದುಸಿರು ಕೇಳಿಸಿರಬೇಕು. ತಿರುಗಿ ನೋಡಿದರು. ಎರಡು ಸೈಕಲ್ಲು, ಅಷ್ಟೊಂದು ಮೂಟೆ, ತನ್ನಿಂದ ತಡೆದು ನಿಂತಿದೆ! ಅವರ ಮುಖ ಕುಗ್ಗಿಹೋಯಿತು. ಗಾಡಿಯನ್ನು ಪಕ್ಕಕ್ಕೆಳೆದು ಕಂಬಿಗೆ ಒತ್ತಿ ನಿಂತು, "ಸುಮಿಮಾಸೆನ್" ಎಂದು ಕ್ಷಮೆ ಕೇಳಿ ಸೊಂಟದಿಂದ ಬಗ್ಗಿದರು. ದಾರಿ ತೆರೆಯಿತು. ನೆತ್ತಿಯವರೆಗೂ ಖಾಲಿ.

ಹೋಗಿಬಿಡಬಹುದಿತ್ತು. ರೇಸಿನವನಾಗಿದ್ದರೆ ಹೋಗುತ್ತಿದ್ದ. ಆದರೆ ಮೂವತ್ತು ವರ್ಷದಿಂದ ಈ ದೇಶದಲ್ಲಿ ಗಲ್ಲಾದ ಹಿಂದೆ ನಿಂತ ಬೆನ್ನು ಯಾರನ್ನೂ ಕೇಳುವುದಿಲ್ಲ. ಎದುರಿನವರು ಬಗ್ಗಿದರೆ ಅದೂ ಬಗ್ಗುತ್ತದೆ. ದ್ವಾರಕಾನಾಥರು "ಇಯೇ ಇಯೇ, ಸುಮಿಮಾಸೆನ್," ಇಲ್ಲ ಇಲ್ಲ, ತಪ್ಪು ನನ್ನದೇ ಎನ್ನುತ್ತಾ ತಲೆ ಬಾಗಿಸಿದರು. ಬರೀ ತಲೆಯಲ್ಲ, ಹಿರಿಯರಲ್ಲವೇ, ಬೆನ್ನೂ ಬಾಗಿತು. ಕ್ಯಾರಿಯರಿನ ಅಕ್ಕಿಯೂ ಮರ್ಯಾದೆಯಿಂದ ವಾಲಿತು.

ಬಲಗಾಲು ನೆಲದ ಮೇಲಿತ್ತು.

ಅವರು ಅದನ್ನು ನೋಡುತ್ತಾ ನಿಂತರು. ಎಲ್ಲ ಸದ್ದೂ ಹಿಂದಿರುಗಿ ಬಂತು, ಲಾರಿಗಳು ಲಾರಿಗಳಾದವು.

"ಮುಗೀತು," ಎಂದರು.

ಭಾನುಮತಿಯೂ ಹಿಂದೆ ನಿಲ್ಲಲೇಬೇಕಾಗಿ ಇಳಿದಿದ್ದಳು. "ಏನು ಮುಗೀತು? ನಡೀರಿ ಮುಂದೆ."

"ಈ ಏರಲ್ಲಿ ಮತ್ತೆ ಹತ್ತೋಕಾಗಲ್ಲ ಭಾನು. ತಳ್ಕೊಂಡೇ ಹೋಗ್ಬೇಕು."

"ಹತ್ತಿ ಅಂದ್ರೆ ಹತ್ತಿ!"

ತನ್ನ ಸೈಕಲ್ಲಿಗೆ ಸ್ಟ್ಯಾಂಡ್ ಹಾಕಿ ಬಂದು, ಅಕ್ಕಿ ಮೂಟೆಗೆ ಎರಡೂ ಅಂಗೈ ಕೊಟ್ಟು ಆಕೆ ನೂಕಿದಳು. ಅವರು ಪೆಡಲ್ ಒತ್ತಿದರು. ಸೈಕಲ್ಲು ತೂರಾಡಿ ಹಿಡಿತಕ್ಕೆ ಬಂತು. ಒಮ್ಮೆ ಹೊರಟದ್ದನ್ನು ನಿಲ್ಲಿಸುವಂತಿರಲಿಲ್ಲ. ನೆತ್ತಿಯವರೆಗೂ ಹೋಗಿ ಅಲ್ಲಿ ಇಳಿದು ಕಂಬಿಗೆ ಒರಗಿದರು. ಕೆಳಗೆ ಭಾನುಮತಿ ತನ್ನ ಸೈಕಲ್ಲನ್ನು ತಳ್ಳಿಕೊಂಡು ಬರುತ್ತಿದ್ದಳು. ಅವಳಿಗಿಂತ ಮುಂದೆ ಮುದುಕರು. ಅವರೇ ಮೊದಲು ತಲುಪಿ, "ಓಸಾಕಿನಿ," ಮುಂದೆ ಹೋಗುತ್ತಿದ್ದೇನೆ, ಕ್ಷಮಿಸಿ ಎಂದು ಮತ್ತೊಮ್ಮೆ ಬಗ್ಗಿ, ಮೂಲಂಗಿ ಸಮೇತ ಇಬ್ಬರನ್ನೂ ಹಿಂದೆ ಹಾಕಿ ಹೋದರು.

ಭಾನುಮತಿ ಏದುಸಿರು ಬಿಡುತ್ತಾ ಬಂದು ಪಕ್ಕದಲ್ಲಿ ನಿಂತಳು.

"ಮಾತಂದ್ರೆ ಮಾತು," ಎಂದರು ದ್ವಾರಕಾನಾಥರು ನದಿಯ ಕಡೆ ನೋಡುತ್ತಾ. "ನಾಳೆ ಪಾರ್ಸೆಲ್ ಕಂಪನಿಗೆ ಫೋನ್ ಮಾಡು."

ಆಕೆ ಕಂಬಿ ಹಿಡಿದು ಕೆಳಗೆ ನೋಡಿದಳು. ರೈಲಿನಲ್ಲಿ ನೂರಾರು ಸಲ ದಾಟಿದ ನದಿ. ನಿಂತು ನೋಡಿದ್ದು ಇದೇ ಮೊದಲು. ಗಾಳಿಗೆ ಮಾಸ್ಕ್ ಕೆಳಗೆಳೆದುಕೊಂಡಳು. ತಿಂಗಳುಗಟ್ಟಲೆ ಅಡುಗೆಮನೆ ಮತ್ತು ಗೋದಾಮಿನ ಗಾಳಿಯನ್ನೇ ಕುಡಿದ ಮುಖ. ದೂರದಲ್ಲಿ ಸಮುದ್ರ ಶುರುವಾಗುವ ಕಡೆ ಬೆಳಕು ಪುಡಿಪುಡಿಯಾಗಿ ಬಿದ್ದಿತ್ತು.

"ಬುಧವಾರ ಬುಧವಾರ ನೀವು ಇದನ್ನ ನೋಡ್ತಿದ್ರಾ?"

"ಏರೋವಾಗ ನೋಡೋಕಾಗಲ್ಲ. ಇಲ್ಲಿಂದ ಆಮೇಲೆ ನೋಡ್ತೀನಿ."

"ಒಬ್ರೇ!" ಎಂದಳು, ಲಾಭ ಬಚ್ಚಿಟ್ಟ ಪಾಲುದಾರನನ್ನು ಹಿಡಿದವಳ ಹಾಗೆ. ಆಮೇಲೆ ಗಲ್ಲಾದ ದನಿಗೆ ಬಂದಳು. "ನೋಡ್ರೀ. ಅಕ್ಕಿ ಪಾರ್ಸೆಲ್ ಕಂಪನಿಗೆ. ಅದ್ರಲ್ಲಿ ಚೌಕಾಸಿ ಇಲ್ಲ. ನಿಮ್ಮ ಮಂಡಿ ನನ್ನ ತಲೆನೋವು."

"ಸರಿ."

"ಬೆಲ್ಲ, ಅವಲಕ್ಕಿ, ಸಾರಿನಪುಡಿ... ಇದಕ್ಕೆಲ್ಲ ಪಾರ್ಸೆಲ್ ಯಾಕೆ ದಂಡ? ಎರಡು ಸೈಕಲ್ ಇದೆ. ಬುಧವಾರ ಅಂಗಡಿಗೆ ಮಧ್ಯಾಹ್ನದವರೆಗೂ ನೊಣಾನೂ ಬರಲ್ಲ."

ದ್ವಾರಕಾನಾಥರು ಹೆಂಡತಿಯ ಮುಖ ನೋಡಿದರು. ಅರ್ಧ ಕಳೆದುಕೊಂಡಿದ್ದರು, ಅದು ಖಂಡಿತ. ಉಳಿದರ್ಧಕ್ಕೆ ಪಾಲುದಾರಳು ಬಂದಿದ್ದಳು. ಇದು ನಷ್ಟವೋ ಲಾಭವೋ ಎಂದು ಲೆಕ್ಕ ಹಾಕಹೋಗಿ, ಮೊದಲ ಸಲ, ಅರ್ಧಕ್ಕೇ ಬಿಟ್ಟರು.

"ಇಳಿಜಾರು ಜೋರಿದೆ. ಬ್ರೇಕ್ ಮೇಲೆ ಕೈ ಇರಲಿ," ಎಂದರು.

"ಬ್ರೇಕ್ ಯಾಕೆ?" ಎನ್ನುತ್ತಾ ಭಾನುಮತಿ ಆಗಲೇ ಹತ್ತಿ ಹೊರಟಿದ್ದಳು. ಬುಟ್ಟಿಯಲ್ಲಿ ಬೆಲ್ಲದಚ್ಚುಗಳು ಒಂದಕ್ಕೊಂದು ಗಡಗಡ ತಾಕುತ್ತಿದ್ದವು. ಅವರು ಆತುರಾತುರವಾಗಿ ಅಕ್ಕಿಯ ಹಗ್ಗ ಬಿಗಿದು, ಮಂಡಿ ಉಜ್ಜಿಕೊಂಡು ಹಿಂದೆ ಹೊರಟರು.